ಗೋಳಿ ಎಲೆಯ ಮೇಲೆ ನನ್ನ ಅಕ್ಷರ

ಹೆಸರಿಗೆ ಅರ್ಥ ಇರುತ್ತದೆ, ಅದನ್ನು ಬಿಟ್ಟು ಬೇರೆ ಯಾವ ಶಕ್ತಿಯೂ ಇರುವುದಿಲ್ಲ ಎಂದು ಬದುಕಿಡೀ ಹೇಳಿಕೊಂಡು ಬಂದವಳು ನಾನು. ಇದನ್ನು ಮೊದಲೇ ಒಪ್ಪಿಕೊಂಡುಬಿಡುವುದು ಒಳ್ಳೆಯದು. ಮುಂದೆ ನಾನು ಬರೆಯಲಿರುವುದನ್ನು ಬೇರೆ ಯಾರಾದರೂ ಬಂದು ನನಗೆ ಹೇಳಿದ್ದರೆ, ಬಿಸಿಲಿನಲ್ಲಿ ಬಂದಿದ್ದೀರಿ, ಸ್ವಲ್ಪ ನೀರು ಕುಡಿಯಿರಿ ಎಂದು ಹೇಳಿ ಮಾತು ಬದಲಿಸುತ್ತಿದ್ದೆ. ಓದುವವರು ನನಗೂ ಹಾಗೆಯೇ ನೀರು ಕೊಟ್ಟರೆ ಬೇಸರವಿಲ್ಲ.

ನಾನು ಕಲ್ಯಾಣಪುರದವಳು. ಮನೆಮಾತು ಕೊಂಕಣಿ, ಭಾನುವಾರ ತಪ್ಪದೆ ಇಗರ್ಜಿ, ಅನ್ನ ಕೊಟ್ಟದ್ದು ಕನ್ನಡ. ಬೆಳ್ಮಣ್ಣಿನ ಹತ್ತಿರದ ಒಂದು ಪ್ರೌಢಶಾಲೆಯಲ್ಲಿ ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ಕನ್ನಡ ಕಲಿಸಿದೆ. ನಿಘಂಟು ಓದುವ ಚಟ ನನಗೆ ಹುಡುಗಿಯಾಗಿದ್ದಾಗಿನಿಂದ ಇತ್ತು, ಕೆಲವರಿಗೆ ಎಲೆಯಡಿಕೆ ಇದ್ದ ಹಾಗೆ. ಈ ಚಟದಿಂದಾಗಿ ನಿವೃತ್ತಿಯ ಹೊತ್ತಿಗೆ ನನಗೊಂದು ಉಪಕಸುಬು ಅಂಟಿಕೊಂಡಿತ್ತು. ಮಕ್ಕಳಿಗೆ ಹೆಸರು ಹುಡುಕಿಕೊಡುವುದು. ನನ್ನ ಹಳೆಯ ವಿದ್ಯಾರ್ಥಿಗಳಿಗೆ ಮಕ್ಕಳಾಗುತ್ತಿದ್ದ ಹಾಗೆ ಫೋನು ಬರತೊಡಗಿತು. "ಟೀಚರ್, ‘ಪ’ದಿಂದ ಒಂದು ಹೆಸರು ಬೇಕಿತ್ತು. ಸಣ್ಣದಿರಬೇಕು, ಅರ್ಥ ಒಳ್ಳೆಯದಿರಬೇಕು, ನಮ್ಮ ಹತ್ತಿರದವರಲ್ಲಿ ಯಾರಿಗೂ ಇರಬಾರದು." ಹಿಂದೂಗಳು ಕೇಳುತ್ತಿದ್ದರು, ನಮ್ಮ ಕ್ರೈಸ್ತರು ಕೇಳುತ್ತಿದ್ದರು, ಬ್ಯಾರಿ ಮುಸ್ಲಿಮರೂ ಕೇಳುತ್ತಿದ್ದರು. ಅಪ್ಪಂದಿರು ಮೊಬೈಲಿನಲ್ಲಿ ಹುಡುಕಿ ತಂದ ಹೆಸರುಗಳು ನಿಜವಾಗಿಯೂ ಹೆಸರುಗಳೇ ಎಂದು ನೋಡಿ ಹೇಳುವುದೂ ನನ್ನ ಪಾಲಿಗೇ ಬಂದಿತ್ತು.

ಕಾರ್ಕಳದ ಒಬ್ಬರು ಮಗನಿಗೆ ಅಶ್ವತ್ಥ ಎಂದು ಇಡಬೇಕೆಂದಿದ್ದರು. ಅರ್ಥ ಕೇಳಿದರು. ‘ನಾಳೆಯ ತನಕ ನಿಲ್ಲದ್ದು’ ಎಂದು ಹಿಂದಿನ ಪಂಡಿತರು ಆ ಶಬ್ದವನ್ನು ಬಿಡಿಸಿ ಹೇಳಿದ್ದುಂಟು ಎಂದುಬಿಟ್ಟೆ. ನನ್ನ ಬಾಯಿ ಸುಮ್ಮನಿರುವುದಿಲ್ಲ. ಹಾಗಾದರೆ ಬೇಡ ಎಂದರು ಅವರು. ಮರ ನೂರಾರು ವರ್ಷ ನಿಲ್ಲುತ್ತದೆ, ಹೆಸರು ಮಾತ್ರ ನಾಳೆಗೆ ಇಲ್ಲ ಎನ್ನುತ್ತದೆ, ಹೆಸರಿನ ಮಾತನ್ನು ಮರವೂ ಕೇಳುವುದಿಲ್ಲ ಎಂದು ಇದರಿಂದಲೇ ತಿಳಿಯಬೇಕು ಎಂದು ಎಷ್ಟೋ ಸಮಾಧಾನ ಹೇಳಿದೆ. ಮಗುವಿಗೆ ಆಕಾಶ್ ಎಂದು ಹೆಸರಿಟ್ಟರು.

ನನ್ನ ಈ ವಾದಕ್ಕೆ ದೊಡ್ಡ ಆಧಾರವಾಗಿ ಒದಗಿದವಳು ಅಕ್ಷತಾ. ಬೆಳ್ಮಣ್ಣಿನವಳು, ನನ್ನ ವಿದ್ಯಾರ್ಥಿನಿ, ಮಾತು ಕಡಿಮೆ, ಕಾಪಿ ಬರವಣಿಗೆ ಮುತ್ತಿನಂಥದ್ದು. ಅಕ್ಷತಾ ಎಂದರೆ ಗಾಯವಾಗದವಳು. ಮದುವೆಯಾಗಿ ಕಾಪುವಿಗೆ ಹೋದಳು. ಗಂಡ ಸಂದೀಪ ದುಬೈಯಲ್ಲಿ ಕೆಲಸಕ್ಕಿದ್ದ. ಮೊದಲ ಹೆರಿಗೆ ಏಳನೆಯ ತಿಂಗಳಿಗೇ ಆಯಿತು. ಮಣಿಪಾಲದ ಆಸ್ಪತ್ರೆಯ ಗಾಜಿನ ಪೆಟ್ಟಿಗೆಯಲ್ಲಿ ನಾಲ್ಕು ದಿನ ಇದ್ದ ಹೆಣ್ಣುಮಗು ಉಳಿಯಲಿಲ್ಲ. ಹೆಸರಿಡುವ ಹೊತ್ತು ಇನ್ನೂ ಬಂದಿರಲಿಲ್ಲವಾದ್ದರಿಂದ ಆ ಮಗುವಿನ ಕೈಪಟ್ಟಿಯಲ್ಲಿ ‘ಬೇಬಿ ಆಫ್ ಅಕ್ಷತಾ’ ಎಂದಷ್ಟೇ ಇತ್ತು. ನಾನು ನೋಡಲು ಹೋದಾಗ ಅವಳು ಆ ಪಟ್ಟಿಯನ್ನು ಬೆರಳಿಗೆ ಸುತ್ತಿಕೊಂಡು ಕುಳಿತಿದ್ದಳು. ಮನೆಗೆ ಮರಳುವಾಗ ಬಸ್ಸಿನಲ್ಲಿ, ಗಾಯವಾಗದವಳು ಎಂದು ಹೆಸರಿಟ್ಟುಕೊಂಡು ಏನು ಬಂತು ಎಂದು ನನಗೆ ಸಿಟ್ಟೇ ಬಂದಿತ್ತು. ಯಾರ ಮೇಲೆ ಎಂದು ಮಾತ್ರ ಹೇಳಲಾರೆ.

ಎರಡು ವರ್ಷದ ಮೇಲೆ ಅವಳಿಗೆ ಇನ್ನೊಂದು ಹೆಣ್ಣುಮಗುವಾಯಿತು. ದಿನ ತುಂಬಿ, ಗುಂಡಗುಂಡಗೆ, ಏನೂ ತೊಂದರೆಯಿಲ್ಲದೆ. ನಾನು ಸಂತೋಷದಿಂದ ಹತ್ತು ಹೆಸರು ಬರೆದು ಕಳಿಸಿದೆ. ಉತ್ತರ ಬರಲಿಲ್ಲ. ಇನ್ನೂ ಹತ್ತು ಕಳಿಸಿದೆ. ಹನ್ನೆರಡನೆಯ ದಿನ ಕಳೆಯಿತು, ತಿಂಗಳು ಕಳೆಯಿತು, ಐದು ತಿಂಗಳಾಯಿತು. ಮಗುವಿಗೆ ಹೆಸರಿಲ್ಲ. ಆಗ ಒಂದು ದಿನ ಅಕ್ಷತಾಳ ತಾಯಿ ಕಮಲಕ್ಕ ಫೋನು ಮಾಡಿದರು.

"ಟೀಚರ್, ನೀವೇ ಬರಬೇಕು ಮಾರಾಯ್ರೆ. ನನ್ನ ಮಾತು ಅವಳು ಕೇಳುವುದಿಲ್ಲ. ಯಾವ ಹೆಸರು ಹೇಳಿದರೂ ಬೇಡ ಅನ್ನುತ್ತಾಳೆ. ಪುಟ್ಟಿ ಅಂತಲೂ ಕರೆಯಲಿಕ್ಕೆ ಬಿಡುವುದಿಲ್ಲ. ನಾನು ಮಗುವನ್ನು ‘ಓಯ್’ ಅಂತ ಕರೆಯುವುದು. ನಾಯಿಯನ್ನು ಕರೆದ ಹಾಗೆ."

ವಿಷಯ ಇಷ್ಟು. ಸಂದೀಪ ರಜೆಯಲ್ಲಿ ಬಂದಿದ್ದ. ಈ ಸಲ ಹೆಂಡತಿಯನ್ನೂ ಮಗುವನ್ನೂ ದುಬೈಗೆ ಕರೆಸಿಕೊಳ್ಳುವ ಏರ್ಪಾಡು ಮಾಡಿದ್ದ. ಆದರೆ ಜನನ ಪತ್ರದಲ್ಲಿ ಹೆಸರಿನ ಜಾಗ ಖಾಲಿ. ಹೆಸರಿಲ್ಲದೆ ಮಗುವಿಗೆ ಪಾಸ್‌ಪೋರ್ಟ್ ಆಗುವುದಿಲ್ಲ. ಬರುವ ಶುಕ್ರವಾರ ಅವನ ವಿಮಾನ, ಅದಕ್ಕೆ ಮುಂಚೆ ಹೆಸರಾಗಿ ಅರ್ಜಿಗೆ ಅವನ ಸಹಿ ಬೀಳಬೇಕು. ಆದರೆ ಕಮಲಕ್ಕನ ಚಿಂತೆ ಪಾಸ್‌ಪೋರ್ಟಿನದ್ದಲ್ಲ. ಅಕ್ಷತಾ ಮಗುವಿಗೆ ಹಾಲು ಕೊಡುತ್ತಾಳೆ, ಮೀಯಿಸುತ್ತಾಳೆ, ಎಲ್ಲ ಮಾಡುತ್ತಾಳೆ, ಆದರೆ ಯಾರದ್ದೋ ಮಗುವನ್ನು ನೋಡಿಕೊಳ್ಳುವ ಹಾಗೆ ಮಾಡುತ್ತಾಳೆ, ಒಂದು ದಿನವೂ ಅದರ ಮುಖ ನೋಡಿ ಒಂದು ಮಾತು ಆಡಿಲ್ಲ ಎಂದರು.

ಕಡೆಗೆ ಅಕ್ಷತಾ ಒಂದು ಮಾತಿಗೆ ಒಪ್ಪಿದ್ದಳಂತೆ. ಹೆಸರಿಡುವುದಾದರೆ ತವರುಮನೆಯ ಹಳೆಯ ಕ್ರಮದಲ್ಲಿ ಇಡಬೇಕು, ಬರೆಯುವುದು ಟೀಚರ್ ಆಗಬೇಕು.

ಆ ಕ್ರಮದ ಬಗ್ಗೆ ನಾನು ಅಲ್ಲಿಯವರೆಗೆ ಕೇಳಿರಲಿಲ್ಲ. ಊರಿನದ್ದಲ್ಲ, ಆ ಒಂದು ಮನೆಯದ್ದು. ಅವರ ಗದ್ದೆಯ ಬದಿಯಲ್ಲಿ ದೊಡ್ಡದೊಂದು ಆಲದ ಮರ ಉಂಟು. ನಮ್ಮ ಕಡೆ ಅದನ್ನು ಗೋಳಿಮರ ಎನ್ನುತ್ತೇವೆ. ಹೆಸರಿಡುವ ದಿನ ಅದರ ಐದು ಎಲೆ ಕೊಯ್ದು, ಐದು ಹೆಸರುಗಳನ್ನು ಮುಳ್ಳಿನಿಂದ ಗೀರಬೇಕು. ಗೀರುವವರು ಮನೆಯವರಾಗಿರಬಾರದು, ನೆಂಟರೂ ಆಗಿರಬಾರದು. ಗೀರಿದಲ್ಲಿ ಬಿಳಿ ಹಾಲು ಒಸರುತ್ತದೆ. ಒರೆಸಿದರೆ ಆ ಕ್ಷಣಕ್ಕೆ ಏನೂ ಕಾಣುವುದಿಲ್ಲ. ಗೆರೆ ಕಂದು ಬಣ್ಣಕ್ಕೆ ತಿರುಗಿ ಅಕ್ಷರ ಎದ್ದು ಬರಲು ಮೂರ್ನಾಲ್ಕು ಗಂಟೆ ಬೇಕು. ಎಲೆಗಳನ್ನು ಗೆರಸೆಯಲ್ಲಿ ಅಕ್ಕಿ ಹರಡಿ, ಬರೆದ ಮೈ ಕೆಳಗೆ ಮಾಡಿ ಇಟ್ಟು, ಬಟ್ಟೆ ಮುಚ್ಚಿ ಮರದ ಬುಡದಲ್ಲಿ ಬಿಡಬೇಕು. ಹೊತ್ತು ಇಳಿದ ಮೇಲೆ ಮಗುವಿನ ಅಜ್ಜಿ ಒಂದೊಂದೇ ಎಲೆ ಮಗುಚುತ್ತಾರೆ. ಯಾವುದರ ಅಕ್ಷರ ಹೆಚ್ಚು ಕಪ್ಪಾಗಿದೆಯೋ ಅದೇ ಮಗುವಿನ ಹೆಸರು. ಓದುಬರಹ ಇಲ್ಲದ ಕಾಲದಲ್ಲಿ ಒಂದು ಹೆಸರಿಗೆ ಗೆರೆ, ಒಂದಕ್ಕೆ ಚುಕ್ಕಿ, ಒಂದಕ್ಕೆ ಕತ್ತರಿ ಗುರುತು ಹಾಕುತ್ತಿದ್ದರಂತೆ.

ನನಗೆ ಕುತೂಹಲವಾಯಿತು. ನಂಬಿಕೆಯಲ್ಲ, ಕುತೂಹಲ. ಮುಳ್ಳನ್ನು ಜೋರಾಗಿ ಒತ್ತಿದರೆ ಅಕ್ಷರ ಕಪ್ಪಾಗುತ್ತದೆ, ಮೆಲ್ಲಗೆ ಒತ್ತಿದರೆ ತಿಳಿಯಾಗುತ್ತದೆ, ಅಷ್ಟೇ ತಾನೆ? ಹಾಗಾದರೆ ಹೆಸರು ಆರಿಸುವುದು ಮರವಲ್ಲ, ಬರೆಯುವವರ ಕೈ. ಈ ಲೆಕ್ಕ ಹಾಕಿಕೊಂಡು, ನನಗೆ ಇಷ್ಟವಾದ ಹೆಸರನ್ನು ಸ್ವಲ್ಪ ಒತ್ತಿ ಬರೆದರಾಯಿತು ಎಂದು ಒಳಗೊಳಗೇ ನಗುತ್ತ ಹೊರಟೆ.

ಉಡುಪಿಯಲ್ಲಿ ಬಸ್ಸು ಬದಲಿಸಿ, ಕಟಪಾಡಿ, ಶಿರ್ವದ ಮೇಲೆ ಬೆಳ್ಮಣ್ಣಿಗೆ ತಲುಪುವಾಗ ಹನ್ನೊಂದು ಗಂಟೆ. ಫೆಬ್ರವರಿಯ ಬಿಸಿಲು. ಮರ ಕೆಂಪು ಹಣ್ಣು ತುಂಬಿ ನಿಂತಿತ್ತು. ಕುಟ್ರು ಹಕ್ಕಿ, ಮೈನಾ, ಅಳಿಲು ಎಲ್ಲ ಸೇರಿ ಗದ್ದಲ. ಕೆಳಗಿನ ಕೊಂಬೆಗಳಲ್ಲಿ ಬೈಹುಲ್ಲಿನ ಕಟ್ಟುಗಳು ನೇತಾಡುತ್ತಿದ್ದವು. ದನ ಕರು ಹಾಕಿದಾಗ ಬೀಳುವ ಮಾಸನ್ನು ಹಾಗೆ ಕಟ್ಟಿ ಗೋಳಿಮರಕ್ಕೆ ತೂಗುಹಾಕುತ್ತಾರೆ. ಮರದಲ್ಲಿ ಹಾಲಿದೆಯಲ್ಲ, ದನಕ್ಕೂ ಹಾಲು ಹೆಚ್ಚಲಿ ಎಂದು. ಬಿದ್ದ ಒಂದು ಹಣ್ಣನ್ನು ಬಿಡಿಸಿದೆ. ಒಳಗೆ ನೂರಾರು ಪುಟ್ಟ ಹೂಗಳು, ಅವುಗಳ ನಡುವೆ ಒಂದು ಸಣ್ಣ ಹುಳ. ಈ ಜಾತಿಯ ಮರಗಳು ಹೂವನ್ನು ಹೊರಗೆ ತೋರಿಸುವುದಿಲ್ಲ, ಹಣ್ಣಿನಂತೆ ಕಾಣುವುದರ ಒಳಗೇ ಹೂ ಬಿಡುತ್ತವೆ, ಒಂದೊಂದು ಜಾತಿಯ ಮರಕ್ಕೂ ಅದರದ್ದೇ ಹುಳ, ಅದು ಬೇರೆ ಮರಕ್ಕೆ ಹೋಗುವುದಿಲ್ಲ ಎಂದು ನಮ್ಮ ಶಾಲೆಯ ವಿಜ್ಞಾನದ ಮಾಸ್ಟ್ರು ಹೇಳುತ್ತಿದ್ದರು. ಅಷ್ಟು ಸಣ್ಣ ಹುಳಕ್ಕೆ ದಾರಿ ಯಾರು ಹೇಳುತ್ತಾರೆ ಎಂದು ನಾನು ಕೇಳಿದರೆ, ವಾಸನೆ ಟೀಚರ್ ಎಂದು ಒಂದೇ ಮಾತಿನಲ್ಲಿ ಮುಗಿಸುತ್ತಿದ್ದರು.

ಕಮಲಕ್ಕ ಮರದ ಪಡುದಿಕ್ಕಿಗೆ ಹೋಗಬೇಡಿ ಎಂದು ಮೆಲ್ಲಗೆ ಹೇಳಿದರು. ಮೊದಲ ಮಗುವನ್ನು ಅಲ್ಲಿ ಮಣ್ಣು ಮಾಡಿದ್ದರು. ಹಾಲು ಕುಡಿಯುವ ಪ್ರಾಯದ ಮಕ್ಕಳನ್ನು ಆ ಮನೆಯವರು ಸುಡುವುದಿಲ್ಲ, ಹಾಲಿನ ಮರದ ಬುಡದಲ್ಲಿಡುತ್ತಾರೆ. ಅಲ್ಲಿ ಕಲ್ಲಿಲ್ಲ, ಗುರುತಿಲ್ಲ. ಹೆಸರೇ ಇಲ್ಲದ ಮೇಲೆ ಗುರುತು ಯಾವುದಕ್ಕೆ ಹಾಕುವುದು.

ಬರೆದದ್ದು ನಾನು, ಮರದ ಕಟ್ಟೆಯ ಮೇಲೆ ಕುಳಿತು, ಎಲ್ಲರ ಎದುರಿಗೇ. ಹರಿದರೆ ಇರಲಿ ಎಂದು ಐದರ ಬದಲು ಆರು ಎಲೆ ಕೊಯ್ದಿದ್ದೆ. ನಿಂಬೆ ಗಿಡದ ಮುಳ್ಳು. ಜೋಯಿಸರು ಕೊಟ್ಟ ಅಕ್ಷರ ‘ಪ’. ಪ್ರಣತಿ ಬರೆದೆ, ಪಲ್ಲವಿ ಬರೆದೆ, ಪೂರ್ಣಿಮಾ, ಪಾವನಿ. ಐದನೆಯದು ಸಂದೀಪನದ್ದು. "ಪಿಹು ಅಂತ ಉಂಟು ಟೀಚರ್, ಈಗ ಎಲ್ಲ ಕಡೆ ಅದೇ" ಎಂದ. ಅರ್ಥ ಕೇಳಿದರೆ ನವಿಲಿನ ಕೂಗಂತೆ. ನವಿಲಿನ ಕೂಗನ್ನು ಅವನು ಯಾವತ್ತಾದರೂ ಕೇಳಿದ್ದಾನೋ ಇಲ್ಲವೋ. ಬರೆದೆ, ಆದರೆ ಮುಳ್ಳನ್ನು ಬಹಳ ಮೆಲ್ಲಗೆ ಒತ್ತಿದೆ. ಪಾವನಿ ಎನ್ನುವುದನ್ನು ಸ್ವಲ್ಪ ಜೋರಾಗಿ. ಆರನೆಯ ಎಲೆ ಹಾಗೆಯೇ ಉಳಿಯಿತು. ನೆಲಕ್ಕೆ ಹಾಕಿದರೆ ತುಳಿಯುತ್ತಾರೆ ಎಂದು ಅದನ್ನೂ ಗೆರಸೆಯಲ್ಲಿಟ್ಟೆ. "ಇರಲಿ ಬಿಡಿ, ಖಾಲಿ ಎಲೆ ಯಾರಿಗೆ ಎಂತ ಮಾಡುತ್ತದೆ" ಎಂದರು ಕಮಲಕ್ಕ. ಬಟ್ಟೆ ಮುಚ್ಚುವ ಮೊದಲು ಸಂದೀಪ ಮೊಬೈಲಿನಲ್ಲಿ ಒಂದು ಫೋಟೋ ತೆಗೆದ.

ಅಕ್ಷತಾ ಮಗುವನ್ನು ಮಡಿಲಲ್ಲಿಟ್ಟುಕೊಂಡು ಸ್ವಲ್ಪ ದೂರದಲ್ಲಿ ಕುಳಿತಿದ್ದಳು. ನನ್ನ ಕೈಯನ್ನೇ ನೋಡುತ್ತಿದ್ದಳು, ಹಿಂದೆ ತರಗತಿಯಲ್ಲಿ ಕಪ್ಪು ಹಲಗೆಯನ್ನು ನೋಡುತ್ತಿದ್ದ ಹಾಗೆ.

ಊಟ ಮುಗಿಸಿ ಎಲ್ಲರೂ ಜಗಲಿಯಲ್ಲೇ ಇದ್ದೆವು. ಅಲ್ಲಿಂದ ಮರ ನೇರ ಕಾಣುತ್ತದೆ, ಐವತ್ತು ಅರವತ್ತು ಹೆಜ್ಜೆ. ಯಾರೂ ಮರದ ಹತ್ತಿರ ಹೋಗಲಿಲ್ಲ. ಊಟದ ಮೇಲೆ ನನಗೆ ಹತ್ತು ನಿಮಿಷ ಕಣ್ಣು ಹತ್ತಿತ್ತು, ಅದನ್ನು ಮುಚ್ಚಿಡುವುದಿಲ್ಲ. ಆದರೆ ಕಮಲಕ್ಕ ಎಚ್ಚರವಾಗಿದ್ದರು, ಸಂದೀಪ ಫೋನಿನಲ್ಲಿ ಮಾತನಾಡುತ್ತ ಅಂಗಳದಲ್ಲೇ ಅಡ್ಡಾಡುತ್ತಿದ್ದ. ನಾನು ಕುರ್ಚಿಯಿಂದ ಏಳಲಿಲ್ಲ ಎಂದು ಇಬ್ಬರೂ ಹೇಳುತ್ತಾರೆ.

ನಾಲ್ಕು ಗಂಟೆಗೆ ದೀಪ ಹಚ್ಚಿ ಬಟ್ಟೆ ತೆಗೆದರು. ಬಿಸಿಲು ಇನ್ನೂ ಚೆನ್ನಾಗಿತ್ತು. ಕಮಲಕ್ಕ ಮೊದಲ ಎಲೆ ಮಗುಚಿದರು. ಪ್ರಣತಿ, ಸಾಧಾರಣ ಕಂದು. ಪಿಹು ಕಂಡೂ ಕಾಣದ ಹಾಗಿತ್ತು. ನನಗೆ ಒಳಗೆ ಸಂತೋಷವಾಯಿತು, ಅದನ್ನೂ ಹೇಳಿಬಿಡುತ್ತೇನೆ. ಪಲ್ಲವಿ, ಪೂರ್ಣಿಮಾ, ಎರಡೂ ಹಾಗೆ ಹೀಗೆ. ಪಾವನಿ ಚೆನ್ನಾಗಿ ಎದ್ದು ಬಂದಿತ್ತು. ನನ್ನ ಲೆಕ್ಕ ಸರಿಹೋಯಿತು ಎಂದುಕೊಂಡೆ. ಕಮಲಕ್ಕ ಕೊನೆಯ ಖಾಲಿ ಎಲೆಯನ್ನು ಬಿಸಾಡಲೆಂದು ಎತ್ತಿದರು. ಎತ್ತಿದ ಕೈ ಹಾಗೆಯೇ ನಿಂತಿತು.

ಅದರ ಮೇಲೆ ಅಕ್ಷರ ಇತ್ತು. ಉಳಿದ ಐದಕ್ಕಿಂತಲೂ ಕಪ್ಪಾಗಿ, ಎಲ್ಲಕ್ಕಿಂತ ಮೊದಲು ಬರೆದದ್ದರ ಹಾಗೆ. ಬೊಳ್ಳಿ.

ತುಳುವಿನಲ್ಲಿ ಬೊಳ್ಳಿ ಎಂದರೆ ಬೆಳ್ಳಿ. ಕಮಲಕ್ಕ ಅಕ್ಷರ ಕೂಡಿಸಿಕೊಂಡು ಓದಿದರು, ನನ್ನ ಮುಖ ನೋಡಿದರು. ನಾನು ಎಲೆಯನ್ನೇ ನೋಡುತ್ತಿದ್ದೆ. ಬರವಣಿಗೆ ನನ್ನದು. ಳಕಾರದ ಒತ್ತಿಗೆ ನಾನು ಉದ್ದ ಬಾಲ ಎಳೆಯುತ್ತೇನೆ. ಮಕ್ಕಳು ಅದನ್ನು ಅನುಕರಿಸಿ ನಗಾಡುತ್ತಿದ್ದದ್ದು ನನಗೆ ಗೊತ್ತು. ಆ ಬಾಲ ಎಲೆಯ ನಡುನರವನ್ನು ದಾಟಿ ಅಂಚಿನ ತನಕ ಹೋಗಿತ್ತು.

ಅಕ್ಷತಾ ಎದ್ದು ಬಂದಳು. ಎಲೆಯನ್ನು ತಾಯಿಯ ಕೈಯಿಂದ ತೆಗೆದುಕೊಂಡು ಬಹಳ ಹೊತ್ತು ನೋಡಿದಳು. ಆಮೇಲೆ ನನ್ನ ಕಡೆ ತಿರುಗಿ ಕೇಳಿದಳು.

"ನಿಮಗೆ ಯಾರು ಹೇಳಿದ್ದು ಟೀಚರ್?"

ದನಿ ಜೋರಿರಲಿಲ್ಲ. ಆದರೆ ನನ್ನ ಮೂವತ್ತು ವರ್ಷದ ಕಸುಬಿನಲ್ಲಿ ಯಾವ ವಿದ್ಯಾರ್ಥಿಯೂ ನನ್ನನ್ನು ಹಾಗೆ ಪ್ರಶ್ನೆ ಕೇಳಿರಲಿಲ್ಲ. ಯಾವುದನ್ನು ಹೇಳಿದ್ದು ಎಂದು ಕೇಳಿದೆ. ಆಗ ಅವಳು ನಿಂತಲ್ಲಿಯೇ ಹೇಳಿದಳು. ಮೊದಲ ಮಗು ಹುಟ್ಟಿದ ಮೂರನೆಯ ದಿನ ಗಾಜಿನ ಪೆಟ್ಟಿಗೆಯ ಹತ್ತಿರ ಅವಳನ್ನು ಐದು ನಿಮಿಷ ಬಿಟ್ಟಿದ್ದರು. ಮಗುವಿಗೆ ನೀಲ ಬೆಳಕು ಹಾಕಿದ್ದರು. ಅದರಲ್ಲಿ ಮಗುವಿನ ಮೈ ಬೆಳ್ಳಿಯ ಹಾಗೆ ಕಂಡಿತಂತೆ. ಬೊಳ್ಳಿ, ಬೊಳ್ಳಿ ಎಂದು ಎರಡು ಸಲ ಕರೆದಳು. ಮರುದಿನ ಮಗು ಹೋಯಿತು.

"ಹನ್ನೆರಡನೇ ದಿನದ ತನಕ ಕಾಯಬೇಕಿತ್ತು ಅಲ್ವಾ ಟೀಚರ್? ನಾನು ಕಾಯಲಿಲ್ಲ. ಮನೆಯವರೇ ಹೆಸರಿಡಬಾರದು ಅಂತ ಉಂಟು, ನಾನೇ ಇಟ್ಟೆ. ಯಾರಿಗೂ ಹೇಳಲಿಲ್ಲ. ಇವರಿಗೂ ಹೇಳಲಿಲ್ಲ."

ಸಂದೀಪ ಮೊಬೈಲನ್ನು ಜೇಬಿಗಿಟ್ಟು ಹೆಂಡತಿಯ ಹತ್ತಿರ ಬಂದ. ಐದು ತಿಂಗಳಿಂದ ಅವಳು ಈ ಮಗುವನ್ನು ಯಾಕೆ ಏನೂ ಕರೆಯಲಿಲ್ಲ ಎಂದು ನಮಗೆಲ್ಲ ಆಗ ತಿಳಿಯಿತು. ಕರೆದರೆ ಹೋಗುತ್ತದೆ ಎಂದು ಅವಳು ನಂಬಿದ್ದಳು. ತಪ್ಪು ತನ್ನ ಬಾಯಿಯದ್ದು ಎಂದು ನಂಬಿದ್ದಳು. ನನಗೆ ಅಳು ಬಂತು. ನಾನು ಸುಲಭದಲ್ಲಿ ಅಳುವವಳಲ್ಲ.

ಆದರೆ ಅಳಲು ಸಮಯವಿರಲಿಲ್ಲ. ಕಮಲಕ್ಕ ಮಗುವನ್ನು ಸೆರಗಿನಲ್ಲಿ ಮುಚ್ಚಿಕೊಂಡು ಮರದಿಂದ ಹಿಂದೆ ಹಿಂದೆ ಸರಿಯುತ್ತಿದ್ದರು. ಕಪ್ಪಾದ ಎಲೆಯ ಹೆಸರೇ ಮಗುವಿಗೆ ಇಡಬೇಕು ಎನ್ನುವುದು ಕ್ರಮ. ಹೋದವಳು ತನ್ನ ಹೆಸರನ್ನು ಇವಳ ಮೇಲೆ ಹಾಕುತ್ತಿದ್ದಾಳೆ ಎಂದರೆ ಅದಕ್ಕೆ ಅವರ ಮನಸ್ಸಿನಲ್ಲಿ ಒಂದೇ ಅರ್ಥ. "ಪ್ರಶ್ನೆ ಇಡಿಸಬೇಕು. ಇವತ್ತು ಎಂತದೂ ಬೇಡ" ಎಂದು ಮತ್ತೆ ಮತ್ತೆ ಹೇಳಿದರು. ಜೋಯಿಸರಲ್ಲಿ ಹೋಗಿ, ಕವಡೆ ಹಾಕಿಸಿ, ಪರಿಹಾರ ಮಾಡಿಸಿ ಬರುವಷ್ಟರಲ್ಲಿ ಶುಕ್ರವಾರ ಎಲ್ಲಿ, ಪಾಸ್‌ಪೋರ್ಟ್ ಎಲ್ಲಿ. ಅದು ಹಾಳಾಗಲಿ. ಆ ಭಯ ಒಮ್ಮೆ ಮನೆಯೊಳಗೆ ಹೊಕ್ಕರೆ ಅಕ್ಷತಾ ಈ ಮಗುವಿನ ಮುಖವನ್ನು ಇನ್ನು ಯಾವತ್ತೂ ನೋಡಲಾರಳು ಎಂದು ನನಗೆ ಅನಿಸಿತು.

"ಅದನ್ನು ನಾನೇ ಬರೆದದ್ದು" ಎಂದೆ.

ಹೇಳಿದ ಮೇಲೆ ನನ್ನ ದನಿ ನನಗೇ ಹೊಸದಾಗಿ ಕೇಳಿತು. ಎಲ್ಲರೂ ನನ್ನ ಕಡೆ ತಿರುಗಿದರು. ನಮ್ಮಲ್ಲಿ, ಸಾಯುವ ಸ್ಥಿತಿಯಲ್ಲಿರುವ ಮಗುವಿಗೆ ಪಾದ್ರಿಯೇ ಬೇಕೆಂದಿಲ್ಲ, ಹತ್ತಿರ ಇದ್ದವರು ಯಾರೇ ಆಗಲಿ ನೀರು ಹಾಕಿ ಹೆಸರಿಡಬಹುದು. ಹೆಸರಿಲ್ಲದೆ ಯಾರೂ ಹೋಗಬಾರದು ಎಂದು ಹಿರಿಯರು ಮಾಡಿದ ಏರ್ಪಾಡು. ಆ ಹೊತ್ತಿಗೆ ನನ್ನ ತಲೆಯಲ್ಲಿ ಇದ್ದದ್ದು ಅದೊಂದೇ. ಮೊದಲ ಮಗುವಿಗೂ ಒಂದು ಎಲೆ ಇರಲಿ ಎಂದು ಬರೆದೆ, ಹೇಳಲು ಧೈರ್ಯವಾಗಲಿಲ್ಲ ಎಂದು ಬಾಯಿಗೆ ಬಂದದ್ದನ್ನು ಸೇರಿಸಿದೆ.

"ಆದರೆ ಆ ಹೆಸರು ನಿಮಗೆ ಹೇಗೆ ಗೊತ್ತಾಯಿತು?" ಎಂದು ಅಕ್ಷತಾ ಕೇಳಿದಳು.

ಅದಕ್ಕೆ ನನ್ನಲ್ಲಿ ಸುಳ್ಳೂ ಇರಲಿಲ್ಲ. "ಅದನ್ನು ಕೇಳಬೇಡ" ಎಂದೆ, ತರಗತಿಯಲ್ಲಿ ಹೇಳುವ ಗಟ್ಟಿತನದಲ್ಲಿ. ಅವಳು ನಂಬಿದಳೋ ಇಲ್ಲವೋ ಇವತ್ತಿಗೂ ತಿಳಿಯದು.

"ನೀವು ನಮ್ಮ ಮನೆಯವರಲ್ಲ ಅಲ್ವಾ ಟೀಚರ್" ಎಂದಳು.

"ಅಲ್ಲ."

"ನೆಂಟರೂ ಅಲ್ಲ."

"ಅಲ್ಲ ಮಗಾ."

"ಹಾಗಾದರೆ ಅವಳಿಗೆ ಕ್ರಮ ಪ್ರಕಾರವೇ ಹೆಸರಿಟ್ಟ ಹಾಗಾಯಿತು."

ಎಲೆಯನ್ನು ಹಿಡಿದುಕೊಂಡು ಅವಳು ಮರದ ಪಡುದಿಕ್ಕಿಗೆ ಹೋದಳು. ಯಾರೂ ತಡೆಯಲಿಲ್ಲ. ಬೇರಿನ ಸಂದಿಯಲ್ಲಿ ಎಲೆ ಇಟ್ಟು, ಗಾಳಿಗೆ ಹಾರದ ಹಾಗೆ ಅದರ ಮೇಲೊಂದು ಕಲ್ಲು ಇಟ್ಟಳು. ಅಲ್ಲಿ ಕುಳಿತು ಏನೋ ಹೇಳಿದಳು. ನನಗೆ ಕೇಳಿಸಲಿಲ್ಲ, ಕೇಳಿಸಿಕೊಳ್ಳಬಾರದು ಎಂದು ನಾನೇ ಗದ್ದೆಯ ಕಡೆ ನೋಡುತ್ತಿದ್ದೆ. ತಿರುಗಿ ಬಂದವಳು ತಾಯಿಯ ಸೆರಗಿನಿಂದ ಮಗುವನ್ನು ತೆಗೆದುಕೊಂಡಳು. "ಕಪ್ಪಾದದ್ದು ಅಕ್ಕನದ್ದು, ಅದರ ನಂತರದ್ದು ಇವಳದ್ದು" ಎಂದು, ಮಗುವಿನ ಕಿವಿಯಲ್ಲಿ ಪಾವನಿ ಎಂದು ಮೂರು ಸಲ ಕರೆದಳು. ಮಗು ಅಷ್ಟು ಹೊತ್ತಿಗೆ ಹಸಿದು ಅಳಲು ಶುರು ಮಾಡಿತ್ತು. ಅವಳು ಮತ್ತೆ ಕರೆದಳು. ಅದು ಅಳುತ್ತಲೇ ಇತ್ತು, ಇವಳು ಕರೆಯುತ್ತಲೇ ಇದ್ದಳು. ಮನೆಯ ಮೆಟ್ಟಿಲು ಹತ್ತುವ ತನಕ ಆ ಹೆಸರು ನನ್ನ ಕಿವಿಗೆ ಬೀಳುತ್ತಿತ್ತು.

ಈಗ ನನ್ನ ಪಾಡು ಕೇಳಿ. ಮನೆಗೆ ಬಂದವಳು ಎಲ್ಲವನ್ನೂ ಒಂದು ಕಡೆಯಿಂದ ಪರೀಕ್ಷೆ ಮಾಡಿದೆ. ಸಂದೀಪನಿಂದ ಫೋಟೋ ತರಿಸಿಕೊಂಡೆ. ಗೆರಸೆಯಲ್ಲಿ ಆರು ಎಲೆ ಸ್ಪಷ್ಟವಾಗಿ ಕಾಣುತ್ತವೆ. ಆದರೆ ಎಲ್ಲದರ ಬರೆದ ಮೈ ಅಕ್ಕಿಯ ಕಡೆಗೆ ಇರುವುದರಿಂದ ಆರನೆಯದು ಖಾಲಿಯಿತ್ತೋ ಇಲ್ಲವೋ ಎನ್ನುವುದಕ್ಕೆ ಅದು ಸಾಕ್ಷಿ ಹೇಳುವುದಿಲ್ಲ. ಎಷ್ಟು ದೊಡ್ಡದು ಮಾಡಿ ನೋಡಿದರೂ ಎಲೆಯ ಬೆನ್ನೇ ಕಾಣುತ್ತದೆ. ನಮ್ಮ ಹೊಳೆಯ ದಾರಿಯಲ್ಲಿರುವ ಗೋಳಿಮರದಿಂದ ಎಲೆ ತಂದು ಅದೇ ಹೆಸರನ್ನು ನಿಂಬೆಮುಳ್ಳಿನಿಂದ ಬರೆದೆ. ಅದು ಅಷ್ಟು ಕಪ್ಪಾಗಲು ಒಂದು ಹಗಲು ಸಾಲಲಿಲ್ಲ, ಮರುದಿನ ಬೆಳಿಗ್ಗೆಯೇ ಆಗಬೇಕಾಯಿತು. ನಾವು ಎಲೆ ಕೊಯ್ದು ಮಗುಚುವುದರ ನಡುವೆ ಐದು ಗಂಟೆಯೂ ಕಳೆದಿರಲಿಲ್ಲ.

ನನ್ನ ಕೈ ನನಗೆ ಗೊತ್ತಿಲ್ಲದೆ ಬರೆದಿರಬಹುದು. ನಿದ್ದೆಯಲ್ಲಿ ನಡೆಯುವವರಿದ್ದಾರೆ, ಬರೆಯುವವರೂ ಇರಬಹುದು. ಇಷ್ಟನ್ನು ಒಪ್ಪಲು ನಾನು ತಯಾರಿದ್ದೇನೆ. ಆದರೆ ಆ ಹೆಸರು? ನನ್ನ ಹೆಸರಿನ ಪುಸ್ತಕಗಳನ್ನೆಲ್ಲ ತಿರುವಿ ಹಾಕಿದೆ, ಅವುಗಳಲ್ಲಿ ಬೊಳ್ಳಿ ಇಲ್ಲ. ತುಳು ನನಗೆ ಬಸ್ಸಿನಲ್ಲಿ, ಮೀನು ಮಾರುಕಟ್ಟೆಯಲ್ಲಿ ಸಾಕಾಗುವಷ್ಟು ಬರುತ್ತದೆ, ಹೆಸರಿಡಲು ನಾನು ಯಾವತ್ತೂ ತುಳುವಿಗೆ ಕೈ ಹಾಕಿದವಳಲ್ಲ. ಅಕ್ಷತಾ ಆ ದಿನ ಆಸ್ಪತ್ರೆಯಲ್ಲಿ ನನ್ನೆದುರು ಬಾಯಿತಪ್ಪಿ ಹೇಳಿದ್ದಳೋ, ನಾನು ಮರೆತೆನೋ ಎಂದು ಯೋಚಿಸಿದೆ. ಆ ದಿನ ಅವಳು ನನ್ನೊಡನೆ ಒಂದು ಶಬ್ದವನ್ನೂ ಆಡಿರಲಿಲ್ಲ. ಒಂದು ಸಲ ಫೋನಿನಲ್ಲಿ ಸುತ್ತಿಬಳಸಿ ಕೇಳಿಯೂ ನೋಡಿದೆ, ಚಿಕ್ಕವಳಿದ್ದಾಗ ಮನೆಯಲ್ಲಿ ಬಿಳಿ ಕರು ಇತ್ತೇ, ಅದಕ್ಕೆ ಏನು ಹೆಸರು ಎಂದು. ಕರು ಇತ್ತಂತೆ. ಹೆಸರು ಗೌರಿಯಂತೆ.

ಅವರು ಮೂವರೂ ಈಗ ದುಬೈಯಲ್ಲಿದ್ದಾರೆ. ಪಾವನಿ ಶಾಲೆಗೆ ಹೋಗುತ್ತಾಳೆ, ಮನೆಯಲ್ಲಿ ಅವಳ ಮಾತು ನಿಲ್ಲುವುದಿಲ್ಲವಂತೆ. ಇದಕ್ಕಿಂತ ಸಂತೋಷ ನನಗೆ ಬೇರೆ ಬೇಡ. ಆದರೆ ನಾನು ಹೇಳಿದ ಮಾತು ಗಂಟಲಿನಲ್ಲಿ ಮುಳ್ಳಾಗಿ ಉಳಿಯಿತು. ಮಕ್ಕಳಿಗೆ ಮೂವತ್ತು ವರ್ಷ ಸುಳ್ಳು ಹೇಳಬೇಡಿ ಎಂದು ಹೇಳಿದವಳು, ಒಬ್ಬ ತಾಯಿಯ ಎದುರು, ಅವಳ ಸತ್ತ ಮಗುವಿನ ವಿಷಯದಲ್ಲಿ ಸುಳ್ಳು ಹೇಳಿದೆ ಎಂದು.

ಆ ವರ್ಷ ಕ್ರಿಸ್ಮಸ್ಸಿಗೆ ಮೊದಲು ಪಾಪನಿವೇದನೆಗೆ ಹೋದೆ. ನಮ್ಮ ಇಗರ್ಜಿಗೆ ಹೊಸದಾಗಿ ಬಂದ ಕಿರಿಯ ಪಾದ್ರಿ. ಮೊಣಕಾಲೂರಿ, ಒಂದು ಸುಳ್ಳು ಹೇಳಿದ್ದೇನೆ ಫಾದರ್ ಎಂದೆ. ನಾನು ಬರೆಯದ್ದನ್ನು ಬರೆದೆ ಎಂದು ಹೇಳಿದೆ ಎಂದೆ. ಸಂಗತಿಯನ್ನೂ ಚಿಕ್ಕದಾಗಿ ಹೇಳಿದೆ.

"ನೀವು ಬರೆದಿಲ್ಲ ಅನ್ನುವುದು ನಿಮಗೆ ಖಂಡಿತವಾ ಟೀಚರ್?" ಎಂದು ಅವರು ಕೇಳಿದರು.

ಹೌದು ಎನ್ನಲು ಬಾಯಿ ತೆರೆದೆ. ಆಗಲಿಲ್ಲ. ಇಲ್ಲ ಎನ್ನಲು ಹೊರಟೆ. ಅದೂ ಆಗಲಿಲ್ಲ. ನನ್ನ ಹಿಂದೆ ಸಾಲಿನಲ್ಲಿ ಯಾರೋ ಕೆಮ್ಮಿದರು.

"ಗೊತ್ತಿಲ್ಲ ಫಾದರ್" ಎಂದೆ.

"ಹಾಗಾದರೆ ಗೊತ್ತಾದ ಮೇಲೆ ಬನ್ನಿ" ಎಂದರು ಅವರು, ಬಹಳ ಮೆತ್ತಗೆ.

ಅದಾಗಿ ಆರು ವರ್ಷವಾಯಿತು. ಬೇರೆ ಪಾಪಗಳಿಗೆಂದು ಹೋಗಿ ಬರುತ್ತೇನೆ. ಅದಕ್ಕೆಂದು ಇನ್ನೂ ಹೋಗಿಲ್ಲ.